ಪರಮಾಣುವಿನ ವಿದ್ಯೆ ಯಾರಪ್ಪನ ಆಸ್ತಿ?

ಮೊನ್ನೆ ಭಾನುವಾರ ಒಂದು ವಾಚನಾಲಯದಲ್ಲಿ ನಾವು ಕಣ್ಣಾರೆ ಕಂಡ ಸಂಗತಿ ಇದು. ನೂಲಿನ ಮಿಲ್ಲಿನಲ್ಲಿ ರಾತ್ರಿ ಪಾಳಿ ಮಾಡುವ ನಮ್ಮ ಸಂಗಾತಿಯೊಬ್ಬರ ಮಗ, ಪಿ.ಯು.ಸಿ. ಓದುತ್ತಿರುವ ಹುಡುಗ, ಮೇಜಿನ ಬಳಿಗೆ ಹೋಗಿ, "ಸಾರ್, ಐನ್‌ಸ್ಟೈನರ ಸಾಪೇಕ್ಷತೆಯ ಬಗ್ಗೆ ಕನ್ನಡದಲ್ಲಿ ಪುಸ್ತಕ ಇದೆಯೇ?" ಎಂದು ಕೇಳಿದ. ಅಲ್ಲಿ ಕುಳಿತಿದ್ದವರು ಅವನನ್ನು ಮೇಲಿನಿಂದ ಕೆಳಗೆ ನೋಡಿ, "ಪರೀಕ್ಷೆಯ ಗೈಡು ಇದೆ, ತಗೊಂಡು ಹೋಗು. ಮಿಲ್ಲಿನವರ ಮಕ್ಕಳಿಗೆ ಐನ್‌ಸ್ಟೈನ್ ಯಾತಕ್ಕಪ್ಪಾ?" ಎಂದರು. ಹುಡುಗ ತಲೆ ತಗ್ಗಿಸಿಕೊಂಡು ಹೊರಟುಹೋದ. ಅವನು ಕೊಡಬೇಕಾಗಿದ್ದ ಉತ್ತರವನ್ನು ನಾವು ಇಲ್ಲಿ ಕೊಡುತ್ತೇವೆ.

ಮೊದಲನೆಯ ಮಾತು: ನಮ್ಮ ದಿನದ ವ್ಯವಹಾರ ಈ ವಿದ್ಯೆಯ ಮೇಲೆಯೇ ನಡೆಯುತ್ತಿದೆ. ಜೇಬಿನಲ್ಲಿರುವ ಮೊಬೈಲಿನೊಳಗೆ ಕೋಟಿಗಟ್ಟಲೆ ಟ್ರಾನ್ಸಿಸ್ಟರುಗಳಿವೆ. 1947ರಲ್ಲಿ ಅಮೆರಿಕದಲ್ಲಿ ಮೊದಲ ಟ್ರಾನ್ಸಿಸ್ಟರು ಹುಟ್ಟಿದ್ದು ಕ್ವಾಂಟಮ್ ವಿಜ್ಞಾನದ ಬಲದಿಂದ. ವ್ಯಾಪಾರಿಗಳ ಸರಕು ಹೊತ್ತ ಲಾರಿ ಎಲ್ಲಿದೆಯೆಂದು ಹೇಳುವ ಜಿ.ಪಿ.ಎಸ್. ಉಪಗ್ರಹಗಳ ಗಡಿಯಾರವನ್ನೇ ನೋಡಿ. ವೇಗವಾಗಿ ಓಡುವುದರಿಂದ ಆ ಗಡಿಯಾರ ದಿನಕ್ಕೆ ಸುಮಾರು 7 ಮೈಕ್ರೊಸೆಕೆಂಡು ಹಿಂದೆ ಬೀಳುತ್ತದೆ. ಮೇಲೆ ಭೂಮಿಯ ಸೆಳೆತ ಕಡಿಮೆಯಾದುದರಿಂದ ಸುಮಾರು 45 ಮೈಕ್ರೊಸೆಕೆಂಡು ಮುಂದೆ ಹೋಗುತ್ತದೆ. ಜಮಾ ಖರ್ಚು ಕಳೆದರೆ ದಿನಕ್ಕೆ 38 ಮುಂದೆ. ಐನ್‌ಸ್ಟೈನರ ಲೆಕ್ಕದಂತೆ ಇದನ್ನು ಸರಿಪಡಿಸದೆ ಬಿಟ್ಟರೆ ಒಂದೇ ದಿನದಲ್ಲಿ ಸುಮಾರು 10 ಕಿಲೋಮೀಟರು ತಪ್ಪು ಬರುತ್ತದೆ. ಲಾರಿ ಇರುವುದು ಒಂದೂರಿನಲ್ಲಿ, ಫೋನು ತೋರಿಸುವುದು ಇನ್ನೊಂದೂರನ್ನು! ಹೀಗಿರುವಾಗ ಈ ವಿದ್ಯೆ ನಮಗೆ ಸಂಬಂಧಪಡದ್ದು ಎಂದು ಹೇಳುವುದಾದರೂ ಹೇಗೆ?

ಎರಡನೆಯ ಮಾತು: ಈ ವಿದ್ಯೆಯನ್ನು ಬೆಳೆಸಿದವರೆಲ್ಲ ಸಿರಿವಂತರ ಮಕ್ಕಳಲ್ಲ. ಮಿಲ್ಲಿನ ಮೋಟಾರು ತಿರುಗುವುದು ಯಾರ ಶೋಧನೆಯಿಂದಲೋ ಆ ಮೈಕೆಲ್ ಫ್ಯಾರಡೆ ಇಂಗ್ಲೆಂಡಿನ ಒಬ್ಬ ಕಮ್ಮಾರನ ಮಗ. 14ನೆಯ ವಯಸ್ಸಿಗೆ ಪುಸ್ತಕಕ್ಕೆ ರಟ್ಟು ಕಟ್ಟುವವನ ಬಳಿ ಕೆಲಸಕ್ಕೆ ಸೇರಿದ. ಕಟ್ಟಲು ಬಂದ ಪುಸ್ತಕಗಳನ್ನೇ ಓದಿದ. ಜೇನ್ ಮಾರ್ಸೆಟ್ ಎಂಬ ಮಹಿಳೆ ಸಾಮಾನ್ಯ ಓದುಗರಿಗೆಂದು ಸಂಭಾಷಣೆಯ ರೂಪದಲ್ಲಿ ಬರೆದ ರಸಾಯನ ಪುಸ್ತಕವೊಂದು ಅವನ ಕಣ್ಣು ತೆರೆಸಿತು. 1831ರಲ್ಲಿ ಅವನು ಕಂಡುಹಿಡಿದ ತತ್ವದ ಮೇಲೆಯೇ ಇಂದಿನ ವಿದ್ಯುತ್ ಉತ್ಪಾದನೆಯ ಬಹುಪಾಲು ನಿಂತಿದೆ. ಒಂದು ಸುಲಭ ಪುಸ್ತಕ ಸರಿಯಾದ ಕೈಗೆ ಬಿದ್ದರೆ ಏನಾಗುತ್ತದೆ ಎಂಬುದಕ್ಕೆ ಬೇರೆ ಸಾಕ್ಷಿ ಬೇಕಿಲ್ಲ.

ನಮ್ಮ ದೇಶದವರೇ ಬೇಕೆಂದರೆ ಮೇಘನಾದ ಸಾಹಾ ಇದ್ದಾರೆ. ಢಾಕಾದ ಬಳಿಯ ಹಳ್ಳಿಯಲ್ಲಿ ಚಿಕ್ಕ ದಿನಸಿ ಅಂಗಡಿ ಇಟ್ಟಿದ್ದವರ ಮಗ. ವಂಗಭಂಗದ ವಿರುದ್ಧ ಚಳವಳಿಯಲ್ಲಿ ಸೇರಿದ್ದಕ್ಕಾಗಿ ವಿದ್ಯಾರ್ಥಿವೇತನ ಕಳೆದುಕೊಂಡವರು. ನಕ್ಷತ್ರಗಳ ಬೆಳಕಿನಿಂದ ಅವುಗಳ ಉಷ್ಣತೆಯನ್ನು ತಿಳಿಯಲು ನೆರವಾಗುವ ಸಮೀಕರಣವನ್ನು 1920ರಲ್ಲಿ ಜಗತ್ತಿಗೆ ಕೊಟ್ಟರು. ಅದೇ ವರ್ಷ ಅವರೂ ಸತ್ಯೇಂದ್ರನಾಥ ಬೋಸರೂ ಸೇರಿ ಐನ್‌ಸ್ಟೈನರ ಜರ್ಮನ್ ಲೇಖನಗಳನ್ನು ಇಂಗ್ಲಿಷಿಗೆ ತಂದ ಪುಸ್ತಕವನ್ನು ಕಲ್ಕತ್ತಾ ವಿಶ್ವವಿದ್ಯಾನಿಲಯ ಅಚ್ಚು ಹಾಕಿಸಿತು. ಅದೇ ಸಾಹಾ 1952ರಲ್ಲಿ ಜನರಿಂದ ಚುನಾಯಿತರಾಗಿ ಲೋಕಸಭೆಗೆ ಹೋದರು. ದಿನಸಿ ಅಂಗಡಿಯವರ ಮಗನಿಗೆ ಐನ್‌ಸ್ಟೈನ್ ಯಾತಕ್ಕೆ ಎಂದು ಅವರನ್ನು ಯಾರಾದರೂ ಕೇಳಬಹುದಿತ್ತು!

ಮೂರನೆಯ ಮಾತು: ದೊಡ್ಡ ವಿಜ್ಞಾನಿಗಳೇ ಜನಸಾಮಾನ್ಯರಿಗಾಗಿ ಬರೆದಿದ್ದಾರೆ. ಐನ್‌ಸ್ಟೈನ್ 1917ರಲ್ಲಿ ಮೆಟ್ರಿಕ್ ಮಟ್ಟದ ಓದು ಇದ್ದವರಿಗೆಂದು ಸಾಪೇಕ್ಷತೆಯ ಮೇಲೆ ಚಿಕ್ಕ ಪುಸ್ತಕ ಬರೆದರು. ಓಡುವ ರೈಲು, ಹಳಿಯ ಪಕ್ಕದ ದಿಬ್ಬ, ಇಷ್ಟರಿಂದಲೇ ಕಾಲದ ಗುಟ್ಟನ್ನು ಬಿಡಿಸುತ್ತಾರೆ. 1938ರಲ್ಲಿ ಇನ್‌ಫೆಲ್ಡರ ಜೊತೆ ಬರೆದ ಭೌತವಿಜ್ಞಾನದ ವಿಕಾಸದ ಪುಸ್ತಕದಲ್ಲಿ ಗಣಿತದ ಹೊರೆಯೇ ಇಲ್ಲ. ಗ್ಯಾಮೊ ಬರೆದ ಕಥೆಯ ನಾಯಕ ಟಾಂಪ್ಕಿನ್ಸ್ ಒಬ್ಬ ಬ್ಯಾಂಕ್ ಗುಮಾಸ್ತ. ರಷ್ಯದ ಪೆರೆಲ್ಮನ್ ಆಟವಾಡಿಸುತ್ತಾ ಭೌತವಿಜ್ಞಾನ ಕಲಿಸಿದರು. ಲ್ಯಾಂಡೌ ಮತ್ತು ರೂಮರ್ ಸಾಪೇಕ್ಷತೆಯನ್ನು ಕೈಹೊತ್ತಿಗೆಯಷ್ಟರಲ್ಲಿ ಹೇಳಿದರು. ಅಮೆರಿಕದ ಫೈನ್‌ಮನ್ 1961ರಿಂದ 63ರವರೆಗೆ ಮಾಡಿದ ಪಾಠಗಳ ಸಂಪುಟಗಳನ್ನು 2013ರಿಂದೀಚೆಗೆ ಅಂತರಜಾಲದಲ್ಲಿ ಕಾಸಿಲ್ಲದೆ ಓದಬಹುದು. ಕಾಲೇಜು ವಿದ್ಯಾರ್ಥಿಗಳು ಅದನ್ನು ತಪ್ಪದೆ ನೋಡಲಿ.

ಆದರೆ ಇವುಗಳ ಬೀಗದ ಕೈ ಇಂಗ್ಲಿಷ್. ಕನ್ನಡದಲ್ಲಿ ಕೆಲಸ ಆಗಿಲ್ಲವೆಂದಲ್ಲ. ಬೆಳ್ಳಾವೆ ವೆಂಕಟನಾರಣಪ್ಪನವರು ಮತ್ತು ಅವರ ಜೊತೆಗಾರರು 1918ರಷ್ಟು ಹಿಂದೆಯೇ "ವಿಜ್ಞಾನ" ಎಂಬ ಮಾಸಪತ್ರಿಕೆ ನಡೆಸಿದರು. ಶಿವರಾಮ ಕಾರಂತರು "ವಿಜ್ಞಾನ ಪ್ರಪಂಚ"ದ ನಾಲ್ಕು ಸಂಪುಟಗಳನ್ನು ಒಬ್ಬರೇ ಕುಳಿತು ಬರೆದರು. ಜೆ. ಆರ್. ಲಕ್ಷ್ಮಣರಾಯರು "ಪರಮಾಣು ಚರಿತ್ರೆ"ಯನ್ನು ಕೊಟ್ಟರು. ಜಿ. ಟಿ. ನಾರಾಯಣರಾಯರು ನಕ್ಷತ್ರಲೋಕವನ್ನು ಕನ್ನಡಿಗರ ಅಂಗಳಕ್ಕೆ ತಂದರು. ಇವರು ಹಾಕಿದ ದಾರಿಯಲ್ಲಿ ಮುಂದೆ ನಡೆಯಬೇಕಾದವರು ನಿದ್ದೆ ಮಾಡಿದರೆ ತಪ್ಪು ಭಾಷೆಯದಲ್ಲ. ಕನ್ನಡದಲ್ಲಿ ಪದಗಳಿಲ್ಲ ಎಂಬುದು ಸೋಮಾರಿಯ ನೆಪ. ಮೋಟಾರು, ಬಾಬಿನ್ನು, ಫ್ಯೂಸು ಎಂದು ನಮ್ಮ ಕಾರ್ಮಿಕರು ನಿಘಂಟು ನೋಡದೆ ಹೇಳಿಕೊಂಡು ಕೆಲಸ ಮಾಡುತ್ತಿಲ್ಲವೆ? ಎಲೆಕ್ಟ್ರಾನನ್ನು ಎಲೆಕ್ಟ್ರಾನ್ ಎಂದೇ ಬರೆಯಿರಿ. ಅದು ಮಾಡುವ ಕೆಲಸವನ್ನು ಮಾತ್ರ ತಿಳಿಗನ್ನಡದಲ್ಲಿ ಹೇಳಿ.

ಒಳ್ಳೆಯ ಪುಸ್ತಕ ಇಲ್ಲದ ಕಡೆ ಮೋಸಗಾರ ಅಂಗಡಿ ತೆರೆಯುತ್ತಾನೆ. ನಮ್ಮ ಪರಿಚಯದ ಕಾರ್ಮಿಕರೊಬ್ಬರು "ಕ್ವಾಂಟಮ್ ಶಕ್ತಿ"ಯ ಕೈಬಳೆ ಮಂಡಿನೋವು ಕಳೆಯುತ್ತದೆಂದು ನಂಬಿ ವಾರದ ದುಡಿಮೆಯನ್ನು ಸುರಿದರು. ನೋವು ಹೋಗಲಿಲ್ಲ, ಹಣ ಹೋಯಿತು. ಕ್ವಾಂಟಮ್ ಎಂದರೆ ಮಂತ್ರವಲ್ಲ. ಎಣ್ಣೆಯನ್ನು ಎಷ್ಟು ಬೇಕಾದರೂ ಅಳೆದು ಕೊಡಬಹುದು, ತೆಂಗಿನಕಾಯಿಯನ್ನು ಎಣಿಸಿಯೇ ಮಾರಬೇಕು. ಬೆಳಕಿನ ಶಕ್ತಿ ಎಣ್ಣೆಯಂತೆ ಹರಿಯುತ್ತದೆಂದು ಜನ ತಿಳಿದಿದ್ದರು. ಪದಾರ್ಥವು ಅದನ್ನು ಕಾಯಿಯಂತೆ ಎಣಿಕೆಯಲ್ಲಿ ಕೊಡುತ್ತದೆ, ಕೊಳ್ಳುತ್ತದೆ ಎಂಬ ಲೆಕ್ಕವನ್ನು 1900ರಲ್ಲಿ ಪ್ಲಾಂಕ್ ಹಾಕಿದರು. ಬೆಳಕೇ ಅಂಥ ತುಣುಕುಗಳಿಂದಾದದ್ದು ಎಂದು 1905ರಲ್ಲಿ ಐನ್‌ಸ್ಟೈನ್ ಹೇಳಿದರು. ಇಷ್ಟು ತಿಳಿದವನಿಗೆ ಆ ಬಳೆಯನ್ನು ಮಾರುವುದು ಸುಲಭವಲ್ಲ.

"ಮೊದಲು ಕೂಲಿ, ಬೋನಸ್ಸು, ಆಮೇಲೆ ಪುಸ್ತಕ" ಎನ್ನುವ ಸಂಗಾತಿಗಳೂ ಇದ್ದಾರೆ. ಅವರ ಮಾತಿನಲ್ಲಿ ಹಸಿವಿನ ಅನುಭವವಿದೆ, ನಾವು ಅಲ್ಲಗಳೆಯುವುದಿಲ್ಲ. ಆದರೆ ಹೊಸ ಯಂತ್ರ ಬಂದಾಗ ಅದರ ಒಳಗುಟ್ಟು ತಿಳಿದವನು ಧಣಿಯ ಎದುರು ಒಂದು ಮಾತು ಗಟ್ಟಿಯಾಗಿ ಆಡಬಲ್ಲ. ತಿಳಿಯದವನು ಅವರು ಹೇಳಿದ್ದನ್ನೇ ನಂಬಬೇಕು. ಆದುದರಿಂದ ಕೂಲಿಯ ಬೇಡಿಕೆಯೂ ಓದಿನ ಬೇಡಿಕೆಯೂ ಒಂದೇ ಹೋರಾಟದ ಎರಡು ಕೈಗಳು.

ಈ ಬೇಡಿಕೆ ಭಿಕ್ಷೆಯಲ್ಲ. ಕರ್ನಾಟಕದ ಸಾರ್ವಜನಿಕ ಗ್ರಂಥಾಲಯ ಕಾಯಿದೆ 1965ರಲ್ಲೇ ಆಗಿದೆ. ಮನೆ, ಅಂಗಡಿಗಳ ಆಸ್ತಿ ತೆರಿಗೆಯ ಜೊತೆಗೆ ಶೇಕಡ 6ರಷ್ಟು ಗ್ರಂಥಾಲಯ ಕರವನ್ನು ನಾವು ತೆರುತ್ತೇವೆ. ಅಂಗಡಿಕಾರ ಬಂಧುಗಳೇ, ನಿಮ್ಮ ತೆರಿಗೆ ರಸೀದಿಯನ್ನು ಒಮ್ಮೆ ತೆಗೆದು ನೋಡಿ. ಬಾಡಿಗೆ ಮನೆಯ ಕಾರ್ಮಿಕನೂ ಬಾಡಿಗೆಯೊಳಗೆ ಅದನ್ನು ತೆರುತ್ತಾನೆ. ಆ ಹಣದಲ್ಲಿ ಬರೀ ಪರೀಕ್ಷೆಯ ಗೈಡುಗಳನ್ನು ತುಂಬಿದರೆ ಕೇಳುವ ಹಕ್ಕು ನಮಗಿದೆ.

ಆದುದರಿಂದ ಮೂರು ಕೆಲಸಗಳನ್ನು ಸೂಚಿಸುತ್ತೇವೆ. ಪ್ರತಿ ವಾಚನಾಲಯದಲ್ಲೂ ಹೊಸ ಭೌತವಿಜ್ಞಾನಕ್ಕೆಂದೇ ಒಂದು ಕಪಾಟು ಇರಲಿ. ಅದಕ್ಕಾಗಿ ಸಂಘದ ವತಿಯಿಂದಲೂ ವರ್ತಕರ ವತಿಯಿಂದಲೂ ಅರ್ಜಿ ಹೋಗಲಿ. ಮೇಲೆ ಹೆಸರಿಸಿದ ಪುಸ್ತಕಗಳಲ್ಲಿ ಕನ್ನಡಕ್ಕೆ ಬಾರದಿರುವುದನ್ನು ತಿಳಿದವರಿಂದ ಬರೆಸಿ, ಅಗ್ಗದ ಬೆಲೆಗೆ ಮಾರುವ ಹೊಣೆಯನ್ನು ಸರ್ಕಾರದವರು ಹೊರಲಿ. ಸಂಘದ ಕಚೇರಿಯಲ್ಲಿ ವಾರಕ್ಕೊಂದು ಸಂಜೆ ಒಬ್ಬರು ಓದಿ ನಾಲ್ಕು ಜನ ಕೇಳುವ ಏರ್ಪಾಡಾಗಲಿ. ಕಾಲೇಜಿನ ಮೇಷ್ಟ್ರುಗಳು ಬಂದು ಸಂದೇಹ ಬಿಡಿಸಲಿ. ಓದುವಾಗ ಪೆನ್ಸಿಲು ಕೈಯಲ್ಲಿರಲಿ. ಲೆಕ್ಕ ಮಾಡದೆ ಬರೀ ಕಥೆ ಓದಿದರೆ ಬೆರಗು ಉಳಿಯುತ್ತದೆ, ವಿದ್ಯೆ ಉಳಿಯುವುದಿಲ್ಲ.

ಆ ಹುಡುಗನ ತಂದೆಗೆ ನಾವು ಹೇಳುವುದಿಷ್ಟೆ: ಮುಂದಿನ ಭಾನುವಾರ ಮಗನ ಜೊತೆಯಲ್ಲಿ ನೀವೂ ಅದೇ ಮೇಜಿನ ಬಳಿಗೆ ಹೋಗಿ ಅದೇ ಪುಸ್ತಕ ಕೇಳಿ. ನಿಮ್ಮ ಹಿಂದೆ ನಾವೂ ಸಾಲಿನಲ್ಲಿ ನಿಂತಿರುತ್ತೇವೆ.