ಸತ್ತವಳಿಗೆ ಮಾತ್ರ ಕಣ್ಣೀರೇ?

ಕಲ್ಪನಾ ತೀರಿಕೊಂಡದ್ದು 1979ರ ಮೇ 12ರಂದು, ಸಂಕೇಶ್ವರದ ಹತ್ತಿರ ಗೋಟೂರಿನ ಬಂಗಲೆಯಲ್ಲಿ. ವಯಸ್ಸು 35. 1963ರ ‘ಸಾಕು ಮಗಳು’ ಚಿತ್ರದಿಂದ ಎಣಿಸಿದರೆ ದುಡಿದದ್ದು ಹದಿನಾರೇ ವರ್ಷ. ಇವತ್ತಿಗೂ ‘ಮಿನುಗುತಾರೆ’ ಎಂದು ಕಣ್ಣೊರೆಸಿಕೊಳ್ಳುವ ಮಹನೀಯರನ್ನು ನಾವು ಒಂದು ಮಾತು ಕೇಳಬೇಕಾಗಿದೆ: ಬದುಕಿದ್ದಾಗ ಆಕೆಯಿಂದ ನೀವು ಮಾಡಿಸಿದ್ದೇನು?

ಆಕೆಗೆ ಬಾರದ ಪಾತ್ರ ಯಾವುದಿತ್ತು? ನಗು, ಹಟ, ಮೌನ, ಹುಚ್ಚು ಎಲ್ಲವನ್ನೂ ಅದೊಂದೇ ಮುಖ ಹೊತ್ತಿತು. ಆದರೆ ಕಥೆ ಕಟ್ಟಿದವರು ಕೊಟ್ಟದ್ದೇನು? ‘ಶರಪಂಜರ’ದ (1971) ಕಾವೇರಿ ಆಸ್ಪತ್ರೆಯಿಂದ ಗುಣವಾಗಿ ಬಂದಳು, ಜನರ ನಾಲಿಗೆಯೂ ಗಂಡನ ಮೋಸವೂ ಸೇರಿ ಅವಳನ್ನು ಮತ್ತೆ ಅಲ್ಲಿಗೇ ಅಟ್ಟಿದವು. ‘ಗೆಜ್ಜೆಪೂಜೆ’ಯ (1969) ಚಂದ್ರ ಎಲ್ಲರ ಹಾಗೆ ಸಂಸಾರ ಮಾಡಬೇಕು ಅಂದಳು, ಸತ್ತಳು. ‘ಬೆಳ್ಳಿಮೋಡ’ದ (1967) ಇಂದಿರಾ ಮಾತ್ರ, ಆಸ್ತಿ ಸಿಗಲ್ಲ ಅಂತ ಬಿಟ್ಟವನೇ ಮತ್ತೆ ಕೈ ಚಾಚಿದಾಗ ‘ಬೇಡ’ ಅಂದಳು. ಆ ‘ಬೇಡ’ ಹೇಳೋ ಹೆಣ್ಣಿಗಾಗಿ ಇನ್ನಷ್ಟು ಕಥೆ ಬರೆಯೋಕೆ ನಿಮಗೇನು ಧಾಡಿಯಾಗಿತ್ತು?

‘ಗೆಜ್ಜೆಪೂಜೆ’ ನೋಡಿ ನಾಡೇ ಅತ್ತಿತು ಅಂತೀರಿ. ನಮ್ಮ ಕರೂರು ಸೀಮೆಯಲ್ಲಿ ಅಂಥ ನಾಜೂಕು ಹೆಸರಿಲ್ಲ. ಇಲ್ಲಿ ಅದು ಮುತ್ತು ಕಟ್ಟೋದು. ಎಲ್ಲಮ್ಮನ ಹೆಸರಲ್ಲಿ, ಹುಲಿಗೆಮ್ಮನ ಹೆಸರಲ್ಲಿ ಕಟ್ಟಿಸಿಕೊಂಡವಳು ನಮ್ಮ ಕೇರಿಯ ಹುಡುಗಿ. ಬೆಳಗಾದರೆ ಭತ್ತದ ಗದ್ದೆಗೆ ಕೂಲಿಗೆ ಹೋಗೋಳು. 1982ರಲ್ಲಿ ನಿಷೇಧದ ಕಾನೂನಾಯಿತು. ಇಪ್ಪತ್ತೈದು ವರ್ಷ ಕಳೆದು 2007-08ರ ಹೊತ್ತಿಗೆ ಸರ್ಕಾರದ ಸಮೀಕ್ಷೆಗಳಲ್ಲಿ ಒಟ್ಟು ಲೆಕ್ಕಕ್ಕೆ ಸಿಕ್ಕ ದೇವದಾಸಿಯರು 46,660. ಹೆಚ್ಚಿನವರು ದಲಿತರು.

ಚಂದ್ರಳಿಗೆ ಅತ್ತ ಕಣ್ಣು ಇವರ ಮುಂದೆ ಯಾಕೆ ಒಣಗುತ್ತೆ? ಕಾರಣ ಸರಳ. ಸತ್ತವಳು ಏನನ್ನೂ ಕೇಳಲ್ಲ. ಇವರು ಬದುಕಿದ್ದಾರೆ. ಪಿಂಚಣಿ ಕೇಳ್ತಾರೆ, ಮನೆ ಕೇಳ್ತಾರೆ, ಭೂಮಿ ಕೇಳ್ತಾರೆ. ಶಾಲೆಯ ಅರ್ಜಿಯಲ್ಲಿ ಅಪ್ಪನ ಹೆಸರಿನ ಜಾಗದಲ್ಲಿ ಏನು ಬರೀಲಿ ಅಂತ ಕೇಳ್ತಾರೆ. ಆ ಪ್ರಶ್ನೆಗೆ ಊರಿನ ದೊಡ್ಡ ಮನೆಗಳ ಬಾಗಿಲು ಹಾಕಿಕೊಳ್ಳುತ್ತವೆ.

ಕೊನೆಗಾಲದಲ್ಲಿ ಕಲ್ಪನಾ ಗುಡಗೇರಿ ಬಸವರಾಜರ ನಾಟಕ ಕಂಪನಿಯಲ್ಲಿ ಬಣ್ಣ ಹಚ್ಚಿದರು. ಅದನ್ನು ‘ಪತನ’ ಅಂತಾರೆ! ಬಳ್ಳಾರಿ ರಾಘವರು, ಸುಭದ್ರಮ್ಮ ಮನ್ಸೂರರು ಬೆಳಗಿದ ರಂಗ ಹತ್ತೋದು ಪತನವಾ? ಕಲೆಯಲ್ಲೂ ಮೇಲು ಕೀಳಿನ ಏಣಿ ಇಟ್ಟುಕೊಂಡವರ ಮಾತು ಅದು. ಮೂವತ್ತು ದಾಟಿದ ನಾಯಕಿಯನ್ನು ಮೂಲೆಗೆ ಸರಿಸಿ, ನಲವತ್ತು ದಾಟಿದ ನಾಯಕನನ್ನು ಕಾಲೇಜು ಹುಡುಗ ಮಾಡೋ ಚಿತ್ರರಂಗಕ್ಕೆ ಪತನ ಅನ್ನೋ ಮಾತಾಡೋ ಹಕ್ಕಿಲ್ಲ.

ಆಕೆಯನ್ನು ತಾರೆ ಮಾಡಿ ಆಕಾಶಕ್ಕೆ ಅಟ್ಟಬೇಡಿ. ಕನ್ನಡಕ್ಕಾಗಿ ದುಡಿದ ಹೆಣ್ಣು ಅನ್ನಿ, ಸಾಕು. ಹಳ್ಳಿಯ ಮೇಷ್ಟ್ರುಗಳೇ, ಗೆಳೆಯರೇ, ‘ಗೆಜ್ಜೆಪೂಜೆ’ಯನ್ನು ಶಾಲೆಯ ಗೋಡೆಗೆ ಬಟ್ಟೆ ಕಟ್ಟಿ ತೋರಿಸಿ. ಕೇರಿಯ ತಾಯಂದಿರನ್ನು ಮುಂದಿನ ಸಾಲಿನಲ್ಲಿ ಕೂಡಿಸಿ. ಮುಗಿದ ಮೇಲೆ ಭಾಷಣ ಬೇಡ. ‘ಚಂದ್ರ ಯಾಕೆ ಸಾಯಬೇಕಿತ್ತು?’ ಅಂತ ಅವರನ್ನೇ ಕೇಳಿ. ಅವರು ಹೇಳೋದನ್ನು ಬರೆದುಕೊಳ್ಳಿ.