ಲೆಕ್ಕದ ಮೂಲೆ: ಕೋಲಾಟಕ್ಕೊಬ್ಬ ಬೇಕು

ಈ ಸಲದ ಲೆಕ್ಕ ಕೋಲಾಟದ್ದು. ಶರಫಿಯಾದಲ್ಲಿ ಅಭ್ಯಾಸಕ್ಕೆ ಬರುತ್ತಿದ್ದ ಮಕ್ಕಳು 24. ಗುಣಿಸಿದರೆ 24 ಆಗುವ ಜೋಡಿಗಳು 1×24, 2×12, 3×8, 4×6. ವೇದಿಕೆ ಚಿಕ್ಕದು, ಹಾಗಾಗಿ ಆರಾರು ಮಕ್ಕಳ ನಾಲ್ಕು ಸಾಲು ಮಾಡಿದೆವು.

ಅಷ್ಟರಲ್ಲಿ ಒಬ್ಬ ಹುಡುಗಿಯ ತಂದೆಗೆ ಫೈನಲ್ ಎಕ್ಸಿಟ್ ಆಗಿ ಸಂಸಾರವೇ ಮಂಗಳೂರಿಗೆ ಹೊರಟಿತು. ಉಳಿದವರು 23. ಎರಡು, ಮೂರು, ನಾಲ್ಕರಿಂದ ಭಾಗಿಸಿ ನೋಡಿ, ಶೇಷ ಉಳಿದೇ ಉಳಿಯುತ್ತದೆ. 5×5 ಆಗಲೇ 25, ಆದ್ದರಿಂದ ಮುಂದೆ ಹುಡುಕಬೇಕಿಲ್ಲ. 23 ಅವಿಭಾಜ್ಯ ಸಂಖ್ಯೆ!

ಮೂವರನ್ನು ಕೈಬಿಟ್ಟರೆ 20, ಐದೈದರ ನಾಲ್ಕು ಸಾಲು ಎಂದರು ಒಬ್ಬರು. ಯಾರ ಮಕ್ಕಳನ್ನು? ತಾಯಂದಿರು ಮುಖ ಮುಖ ನೋಡಿಕೊಂಡರು. ಕೊನೆಗೆ ನಾಲ್ಕು ವರ್ಷದ ನನ್ನ ಮಗನನ್ನೇ ಸೇರಿಸಿದೆವು. ಇಂದು ಅವನು ಹೆಜ್ಜೆ ತಪ್ಪಿದರೆ ದಯವಿಟ್ಟು ನಗಬೇಡಿ.