ಗತಿಯೂ ಸ್ಥೈರ್ಯವೂ

ರಥ ಎಂಬ ಶಬ್ದಕ್ಕೆ ಯಾಸ್ಕಾಚಾರ್ಯರು ನಿರುಕ್ತದಲ್ಲಿ ಒಂದಕ್ಕಿಂತ ಹೆಚ್ಚು ವ್ಯುತ್ಪತ್ತಿಗಳನ್ನು ಹೇಳಿರುವರು. ವೇಗವಾಗಿ ಚಲಿಸುವುದರಿಂದ ರಥವೆಂಬುದು ಒಂದು. ಸ್ಥಿರವೆಂಬ ಮಾತೇ ಹಿಂದುಮುಂದಾಗಿ ರಥವಾಯಿತೆಂಬುದು ಇನ್ನೊಂದು. ಎರಡನೆಯದನ್ನು ಕೇಳಿ ವೈಯಾಕರಣರು ನಗಬಹುದು. ನಮ್ಮ ಸುತ್ತೂರಿನ ಜಾತ್ರೆಯ ತೇರಿಗಾದರೋ ಸ್ಥೈರ್ಯವೇ ಸಾಕು. ಗತಿಯನ್ನು ಭಕ್ತರು ನೋಡಿಕೊಳ್ಳುವರು. ಪಂದ್ಯದ ಮೋಟಾರುಗಾಡಿಗೆ ಮಾತ್ರ ಎರಡೂ ಬೇಕು, ಮತ್ತು ಒಂದು ಹೆಚ್ಚಿದಂತೆ ಮತ್ತೊಂದು ತಗ್ಗುವುದು. ಗ್ರ್ಯಾನ್ ಪ್ರೀ ಪಂದ್ಯಗಳಲ್ಲಿ ನಮ್ಮ ದೇಶದ ಹೆಸರನ್ನು ಹೊತ್ತು ಓಡಿದ ಅಂಥದೊಂದು ಕಾರಿನ ವೃತ್ತಾಂತವನ್ನು ಈ ತಿಂಗಳು ಹೇಳಬಯಸುವೆವು. ಮನೆಯಲ್ಲಿ ಓದುವ ಹುಡುಗರಿದ್ದರೆ ಅವರನ್ನೂ ಕರೆದು ಕೂರಿಸಿಕೊಳ್ಳಬಹುದು.

ಬೆಂಗಳೂರಿನ ಉದ್ಯಮಿ ವಿಜಯ್ ಮಲ್ಯ ಅವರು ತಾರುಣ್ಯದಲ್ಲಿ ಮದ್ರಾಸಿನ ಬಳಿಯ ಶೋಲಾವರದಲ್ಲಿ ಎನ್‌ಸೈನ್ ಎಂಬ ಹಳೆಯ ಗ್ರ್ಯಾನ್ ಪ್ರೀ ಕಾರನ್ನು ತಾವೇ ಓಡಿಸಿದ್ದವರು. ೨೦೦೭ರಲ್ಲಿ ಅವರು ಹಾಲೆಂಡಿನ ಮೋಲ್ ಮನೆತನದವರೊಡನೆ ಸೇರಿ, ಇಂಗ್ಲೆಂಡಿನ ಸಿಲ್ವರ್‌ಸ್ಟೋನಿನಲ್ಲಿದ್ದ ಒಂದು ತಂಡವನ್ನು ಕೊಂಡು, ಫೋರ್ಸ್ ಇಂಡಿಯಾ ಎಂದು ಹೆಸರಿಟ್ಟರು. ಅದೇ ತಂಡವು ಜೋರ್ಡನ್ ಎನಿಸಿಕೊಂಡಿದ್ದಾಗ, ೨೦೦೫ರಲ್ಲಿ, ಕೊಯಮತ್ತೂರಿನ ನಾರಾಯಣ್ ಕಾರ್ತಿಕೇಯನ್ ಅದರ ಸಾರಥಿಯಾಗಿದ್ದರು. ಇಂಡಿಯಾ ಎಂಬ ಹೆಸರು ಬಂದ ಮೇಲೆ ಒಬ್ಬ ಭಾರತೀಯನೂ ಅದರ ಕಾರನ್ನು ಪಂದ್ಯದಲ್ಲಿ ಓಡಿಸಲಿಲ್ಲವೆಂಬುದು ವಿಚಿತ್ರವಲ್ಲವೆ? ೨೦೦೯ರ ವಿ.ಜೆ.ಎಂ. ೦೨ ಎಂಬ ಕಾರನ್ನು ಕಟ್ಟಿದವರು ಜೇಮ್ಸ್ ಕೀ ಎಂಬ ಆಂಗ್ಲ ಶಿಲ್ಪಿಯ ಕೈಕೆಳಗಿನವರು. ಯಂತ್ರ ಮರ್ಸಿಡಿಸ್ ಕಂಪೆನಿಯದು. ಸಾರಥಿಗಳು ಇಟಲಿಯ ಫಿಸಿಕೆಲ್ಲ ಮತ್ತು ಜರ್ಮನಿಯ ಸೂಟಿಲ್. ನಮ್ಮದೆನ್ನಬಹುದಾದುದು ಹೆಸರು, ಮೈಮೇಲಿನ ಬಣ್ಣ, ಹಣದ ಒಂದು ಪಾಲು. ಇದನ್ನು ಮುಚ್ಚಿಟ್ಟು ಹೆಮ್ಮೆಪಡುವುದು ನಮಗೆ ಸರಿತೋರದು.

ಕಪಿಲೆಯಲ್ಲಿ ಮೊಣಕಾಲುದ್ದ ನೀರಿಗಿಳಿದು ಅಂಗೈಯನ್ನು ಹರಿವಿಗೆ ಅಡ್ಡಲಾಗಿ ಹಿಡಿದರೆ ನೀರು ಕೈಯನ್ನು ನೂಕುವುದು. ಅಂಚಾಗಿ ಹಿಡಿದರೆ ಸುಮ್ಮನೆ ಜಾರಿಹೋಗುವುದು. ಮುಂಗೈಯನ್ನು ತುಸು ತಗ್ಗಿಸಿ ಓರೆಮಾಡಿದರೆ ಕೈಯನ್ನು ಕೆಳಕ್ಕೆ ಒತ್ತುವುದು. ಗಂಟೆಗೆ ೩೦೦ ಕಿಲೋಮೀಟರು ಓಡುವ ಗಾಡಿಗೆ ಗಾಳಿಯೇ ಈ ನೀರು. ರೆಕ್ಕೆಗಳನ್ನು ಓರೆಮಾಡಿದಷ್ಟೂ ಗಾಡಿ ನೆಲವನ್ನು ಕಚ್ಚುವುದು, ತಿರುವಿನಲ್ಲಿ ಜಾರದು. ಆದರೆ ನೇರದಾರಿಯಲ್ಲಿ ಅದೇ ರೆಕ್ಕೆ ಅಡ್ಡಿಯಾಗುವುದು. ವಿ.ಜೆ.ಎಂ. ೦೨ ಗಾಳಿಯನ್ನು ಸಲೀಸಾಗಿ ಸೀಳುತ್ತಿತ್ತು. ತಿರುವುಗಳೇ ಹೆಚ್ಚಾದ ಕಡೆ ಹಿಂದೆ ಬೀಳುತ್ತಿತ್ತು.

ತಂಡವು ೨೯ ಪಂದ್ಯಗಳಲ್ಲಿ ಒಂದು ಅಂಕವನ್ನೂ ಕಂಡಿರಲಿಲ್ಲ. ಮೂವತ್ತನೆಯದು ಬೆಲ್ಜಿಯಮ್ ದೇಶದ ಸ್ಪಾ ಎಂಬಲ್ಲಿ. ಏಳು ಕಿಲೋಮೀಟರಿನ ಸುತ್ತು, ಉದ್ದುದ್ದನೆಯ ನೇರದಾರಿಗಳು. ೨೦೦೯ರ ಆಗಸ್ಟ್ ೨೯ರಂದು ಫಿಸಿಕೆಲ್ಲ ಎಲ್ಲರಿಗಿಂತ ವೇಗವಾಗಿ ಸುತ್ತಿ ಮೊದಲ ಸಾಲಿನ ಮೊದಲ ಸ್ಥಾನವನ್ನು ಗಳಿಸಿದನು! ಮರುದಿನ ಪಂದ್ಯವು ಮೊದಲಾದೊಡನೆ ಹಿಂದಿನವರಲ್ಲಿ ಅಪಘಾತವಾಗಿ, ಎಲ್ಲರೂ ರಕ್ಷಕ ಕಾರಿನ ಹಿಂದೆ ನಿಧಾನವಾಗಿ ಸಾಗಬೇಕಾಯಿತು. ಅದು ಸರಿದ ಕೂಡಲೇ, ಐದನೆಯ ಸುತ್ತಿನಲ್ಲಿ, ಫೆರಾರಿಯ ರೈಕೊನೆನ್ ನೇರದಾರಿಯಲ್ಲಿ ಅವನನ್ನು ದಾಟಿದನು. ಫೆರಾರಿಯಲ್ಲಿ ಒಂದು ಉಪಕರಣವಿತ್ತು: ಬ್ರೇಕು ಹಾಕುವಾಗ ವ್ಯರ್ಥವಾಗುವ ಶಕ್ತಿಯನ್ನು ಕೂಡಿಟ್ಟು, ಸುತ್ತಿಗೆ ಆರೂವರೆ ಸೆಕೆಂಡುಗಳಷ್ಟು ಕಾಲ ಸುಮಾರು ೮೦ ಕುದುರೆಗಳ ಬಲವನ್ನು ಮರಳಿ ಕೊಡುವುದು. ಗೃಹಿಣಿಯರು ಸಾಸಿವೆ ಡಬ್ಬಿಯಲ್ಲಿ ಕೂಡಿಟ್ಟ ಕಾಸು ಆಪತ್ತಿಗೆ ಒದಗುವಂತೆ ಅದು ಒದಗಿತು. ಫಿಸಿಕೆಲ್ಲನ ಗಾಡಿಯಲ್ಲಿ ಅದಿರಲಿಲ್ಲ. ೪೪ ಸುತ್ತುಗಳು ಮುಗಿಯುವವರೆಗೂ ಅವನು ಬೆನ್ನು ಬಿಡಲಿಲ್ಲ. ಕೊನೆಗೆ ಉಳಿದ ಅಂತರ ೦.೯೩೯ ಸೆಕೆಂಡು. ಎರಡನೆಯ ಸ್ಥಾನ, ಎಂಟು ಅಂಕಗಳು.

ವಾರ ಕಳೆಯುವುದರೊಳಗೆ ಫೆರಾರಿಯವರು ಫಿಸಿಕೆಲ್ಲನನ್ನು ಕರೆದುಕೊಂಡರು. ಸೆಪ್ಟೆಂಬರಿನಲ್ಲಿ ಇಟಲಿಯ ಮೋನ್ಜಾದಲ್ಲಿ, ಅದೂ ನೇರದಾರಿಗಳ ಊರೇ, ಸೂಟಿಲ್ ನಾಲ್ಕನೆಯವನಾದನು. ಒಟ್ಟು ೧೩ ಅಂಕಗಳೊಡನೆ ತಂಡವು ಆ ವರ್ಷ ಒಂಬತ್ತನೆಯದಾಯಿತು.

ಸಾಲಕೊಟ್ಟ ಬ್ಯಾಂಕುಗಳ ವ್ಯಾಜ್ಯದ ನಡುವೆ ಮಲ್ಯರು ೨೦೧೬ರಲ್ಲಿ ದೇಶವನ್ನು ಬಿಟ್ಟರು. ೨೦೧೮ರ ಜುಲೈಯಲ್ಲಿ ತಂಡವೂ ದಿವಾಳಿಯ ಅಂಚಿಗೆ ಬಂದು ನ್ಯಾಯಾಲಯದ ಮೂಲಕ ಪರರ ಕೈಸೇರಿತು. ಸುಮಾರು ೪೦೦ ಕೆಲಸಗಾರರ ಅನ್ನ ಉಳಿಯಿತು, ಇಂಡಿಯಾ ಎಂಬ ಹೆಸರು ಅಳಿಯಿತು. ಅದರ ಬಾಳಿನಲ್ಲಿ ಮೊದಲ ಮೂವರೊಳಗೆ ಬಂದದ್ದು ಆರು ಸಲ. ಸ್ಪಾದ ಎರಡನೆಯ ಸ್ಥಾನವನ್ನು ಬಿಟ್ಟರೆ ಮಿಕ್ಕ ಐದೂ ಮೂರನೆಯವು.